ಪೀಟರ್ ಬರ್ಲಿಂಗ್: ನಿರ್ಮಾಪಕನೋ, ನಟನೋ, ಕಾದಂಬರಿಕಾರನೋ?

ಮೂರನೇ_ಸಾಲು:
ಜರ್ಮನ್ ನಿರ್ದೇಶಕ ವೆರ್ನರ್ ಹೆರ್ಜೋಗ್‌ನ ‘ಅಗೀರ್ರೆ’ಯಲ್ಲಿ ತೆಪ್ಪದ ಮೇಲೆ ಕೂತು ತಿನ್ನುತ್ತಲೇ ಇರುವ ದಪ್ಪ ಚಕ್ರವರ್ತಿ. ಹಂಗೇರಿಯ ನಿರ್ದೇಶಕ ಬೇಲಾ ತಾರ್‌ನ ‘ಶಾತಾನ್‌ತಾಂಗೋ’ದಲ್ಲಿ ಕಿಟಕಿ ಪಕ್ಕ ಕೂತು ಊರವರ ಮೇಲೆ ಟಿಪ್ಪಣಿ ಬರೆಯುತ್ತಾ ಕುಡಿಯುವ ಡಾಕ್ಟರು. ಎರಡೂ ಒಬ್ಬನೇ, ಪೀಟರ್ ಬರ್ಲಿಂಗ್. ಎಲ್ಲ ಕಡೆ ‘ಜರ್ಮನ್ ನಿರ್ಮಾಪಕ, ನಟ, ಲೇಖಕ’ ಅಂತ ಒಂದು ಸಾಲು ಬರೆದು ಮುಗಿಸಿಬಿಡ್ತಾರೆ. ನಿರ್ಮಾಪಕ ಅಂದ್ರೆ ದುಡ್ಡು ಹಾಕಿದವನಾ, ದುಡ್ಡು ತಂದವನಾ, ಅಥವಾ ಸೆಟ್‌ನಲ್ಲಿ ಊಟದ ಲೆಕ್ಕ ಬರೆದವನಾ? ಈತನ ಪಾತ್ರಗಳನ್ನು ಯಾವ ಕ್ರಮದಲ್ಲಿ ನೋಡಬೇಕು? ಗೊತ್ತಿರೋರು ಸ್ವಲ್ಪ ವಿವರವಾಗಿ ಹೇಳಿ.

ರೀಲ್‌ಬಾಕ್ಸ್:
ಮೊದಲು ಗಟ್ಟಿ ಮಾಹಿತಿ. ಹುಟ್ಟಿದ್ದು 20 ಮಾರ್ಚ್ 1934, ಮೆಸೆರಿಟ್ಸ್-ಒಬ್ರಾವಾಲ್ಡೆಯಲ್ಲಿ. ಆಗ ಜರ್ಮನಿ, ಈಗ ಪೋಲೆಂಡ್. ಅಪ್ಪ ಅಮ್ಮ ಇಬ್ಬರೂ ವಾಸ್ತುಶಿಲ್ಪಿಗಳು. ತೀರಿಕೊಂಡಿದ್ದು ನವೆಂಬರ್ 2017, ರೋಮ್‌ನಲ್ಲಿ. ಬದುಕಿನ ದೊಡ್ಡ ಭಾಗ ಕಳೆದಿದ್ದೂ ರೋಮ್‌ನಲ್ಲೇ. ಕೆಳಗಿನ ಎಲ್ಲದಕ್ಕೂ ಇದು ಬೇಕಾಗುತ್ತೆ, ನೆನಪಿಟ್ಟುಕೊಳ್ಳಿ.

60ರ ದಶಕದಲ್ಲಿ ಈತ ಮ್ಯೂನಿಕ್‌ನ ಹೊಸ ಸಿನಿಮಾ ವಲಯದಲ್ಲಿ, ನಿರ್ದೇಶಕ ಅಲೆಕ್ಸಾಂಡರ್ ಕ್ಲೂಗೆ ಸುತ್ತಮುತ್ತ, ಕಿರುಚಿತ್ರಗಳ ನಿರ್ಮಾಣದಿಂದ ಶುರು ಮಾಡಿದ. 1969ರಿಂದ ನಿರ್ದೇಶಕ ರೈನರ್ ವೆರ್ನರ್ ಫಾಸ್‌ಬಿಂಡರ್ ಬಳಗ. 1972ರಲ್ಲಿ ಹೆರ್ಜೋಗ್. 80ರ ದಶಕದಲ್ಲಿ ಇಟಲಿ ಮತ್ತು ಅಮೆರಿಕದ ದೊಡ್ಡ ಚಿತ್ರಗಳಲ್ಲಿ ಸಣ್ಣ ಪಾತ್ರಗಳು. 90ರ ಹೊತ್ತಿಗೆ ಐತಿಹಾಸಿಕ ಕಾದಂಬರಿಗಳು. ‘ವೈವಿಧ್ಯಮಯ’ ಅನ್ನೋ ಪದ ಇವನಿಗೆ ಕೊಂಚ ಮೆತ್ತಗಾಯ್ತು.

ನಿರ್ಮಾಪಕ ಅಂದ್ರೇನು ಅನ್ನೋ ಪ್ರಶ್ನೆ ಗುಮಾಸ್ತರಿಗೆ ಬಿಡ್ತೀನಿ. ಲೆಕ್ಕ ಅವರ ಕ್ಷೇತ್ರ.

ಗಾಂಧಿನಗರ_ಗುಮಾಸ್ತ:
ಕರೆದಿದ್ದಕ್ಕೆ ಬಂದೆ. ಆ ಕಾಲದ ಪಶ್ಚಿಮ ಜರ್ಮನಿಯಲ್ಲಿ ದುಡ್ಡು ಎಲ್ಲಿಂದ ಬರ್ತಿತ್ತು ಅಂತ ಗೊತ್ತಾಗದೆ ಬರ್ಲಿಂಗ್ ಅರ್ಥ ಆಗಲ್ಲ.

28 ಫೆಬ್ರವರಿ 1962, ಓಬರ್‌ಹೌಸನ್. ‘ಹಳೇ ಸಿನಿಮಾ ಸತ್ತಿತು’ ಅಂತ 26 ಜನ ಸಹಿ ಹಾಕಿದ ಘೋಷಣೆ, ಕ್ಲೂಗೆ ಅದರಲ್ಲೊಬ್ಬ. ಅದರ ಫಲ 1965ರಲ್ಲಿ ಬಂತು. ಯುವ ಜರ್ಮನ್ ಸಿನಿಮಾಕ್ಕೆ ಒಂದು ಸರ್ಕಾರಿ ಮಂಡಳಿ, ಕೈಯಲ್ಲಿ 50 ಲಕ್ಷ ಮಾರ್ಕ್ (ಆಗಿನ ಜರ್ಮನ್ ಹಣ), ಮೊದಲ ಚಿತ್ರ ಮಾಡುವವರಿಗೆ ತಲಾ 3 ಲಕ್ಷ ಮಾರ್ಕ್‌ವರೆಗೆ ಸಾಲ. ಗಲ್ಲಾಪೆಟ್ಟಿಗೆ ನೋಡದೆ ಚಿತ್ರಕಥೆ ನೋಡಿ ಕೊಡ್ತಿದ್ದರು. ನಮ್ಮಲ್ಲಿ ಫಿಲ್ಮ್ ಫೈನಾನ್ಸ್ ಕಾರ್ಪೊರೇಷನ್ 1960ರಲ್ಲೇ ಬಂದಿತ್ತು, ಅದನ್ನೂ ನೆನಪಿಸ್ಕೊಳ್ಳಿ.

ಇದನ್ನು ಕಂಡು ಹಳೇ ಉದ್ಯಮದವರು ಸುಮ್ಮನಿರಲಿಲ್ಲ. 1967ರ ಕೊನೆಯಲ್ಲಿ ಚಲನಚಿತ್ರ ಸಹಾಯ ಕಾಯ್ದೆ ಬಂತು, 1968ರಿಂದ ಜಾರಿ. ಪ್ರತಿ ಟಿಕೆಟ್ ಮೇಲೆ 10 ಫೆನ್ನಿಗ್ (ಮಾರ್ಕ್‌ನ ಹತ್ತನೇ ಒಂದು ಪಾಲು) ಸುಂಕ. ಆ ಹಣ ಯಾರಿಗೆ? ಹಿಂದಿನ ಚಿತ್ರ 5 ಲಕ್ಷ ಮಾರ್ಕ್ ಗಳಿಸಿದ ನಿರ್ಮಾಪಕನಿಗೆ, ಮುಂದಿನ ಚಿತ್ರಕ್ಕೆ, ತಾನಾಗೇ. ಅಂದ್ರೆ ಗೆದ್ದವನಿಗೇ ಮತ್ತೆ ದುಡ್ಡು. ಹೊಸಬನಿಗೆ ಬಾಗಿಲು ಮುಚ್ಚಿದಂತೆ.

ಹಾಗಾಗಿ 1969ರಲ್ಲಿ ಮ್ಯೂನಿಕ್‌ನ ಹುಡುಗರಿಗೆ ಉಳಿದ ದಾರಿ ಮೂರೇ: ಸ್ವಂತ ಸಾಲ, ಟೆಲಿವಿಷನ್, ಇಲ್ಲಾ ರಾಷ್ಟ್ರ ಪ್ರಶಸ್ತಿಯ ಹಣ. ಮೂರನೆಯದು ಸಣ್ಣದಲ್ಲ. ಫಾಸ್‌ಬಿಂಡರ್‌ನ ‘ಕಾಟ್ಸೆಲ್‌ಮಾಖರ್’ 9 ದಿನದಲ್ಲಿ 80,000 ಮಾರ್ಕ್‌ಗೆ ತೆಗೆದದ್ದು. ಅದಕ್ಕೆ ಬಂದ ಪ್ರಶಸ್ತಿಗಳ ಮೊತ್ತ ಒಟ್ಟು 6.5 ಲಕ್ಷ ಮಾರ್ಕ್. ಆದರೆ ಆ ದುಡ್ಡು ಕಿಸೆಗೆ ಹಾಕಿಕೊಳ್ಳುವಂತಿಲ್ಲ, ಮುಂದಿನ ಚಿತ್ರಕ್ಕೇ ಹೂಡಬೇಕು. ಅದಕ್ಕೇ ಆತ ವರ್ಷಕ್ಕೆ ನಾಲ್ಕೈದು ಚಿತ್ರ ತೆಗೆದ. ಹುಚ್ಚು ಅಂತ ಎಲ್ಲರೂ ಬರೀತಾರೆ. ಅರ್ಧ ಹುಚ್ಚು, ಅರ್ಧ ಈ ನಿಯಮ.

ಈ ವ್ಯವಸ್ಥೆಯಲ್ಲಿ ‘ನಿರ್ಮಾಪಕ’ ಅಂದ್ರೆ ಬಂಡವಾಳಶಾಹಿ ಅಲ್ಲ. ಇನ್ನೂ ಬರದಿರೋ ದುಡ್ಡನ್ನು ಬಂದಂತೆ ತೋರಿಸಿ ಕ್ಯಾಮೆರಾ ಬಾಡಿಗೆಗೆ ತರೋನು, ಲ್ಯಾಬ್‌ನವರ ಹತ್ರ ಉದ್ರಿ ಹೇಳೋನು, ಹೋಟೆಲ್‌ನವರನ್ನು ಇನ್ನೊಂದು ವಾರ ತಡೆದು ನಿಲ್ಲಿಸೋನು. ಬರ್ಲಿಂಗ್ ಆ ಜಾತಿ.

ಧಾರವಾಡದ_ಮಂದಿ:
ಗುಮಾಸ್ತರ, ಒಂದ್ ಕೇಳ್ತೀನ್ರಿ. ‘ವೈಟಿ’ ಅಂತ ಒಂದು ಸಿನಿಮಾ ಅದ ಅಲ್ರಿ, ಫಾಸ್‌ಬಿಂಡರ್ ವೆಸ್ಟರ್ನ್ ಮಾಡಿದ್ದು. ಅದ್ರಾಗ ಬರ್ಲಿಂಗ್ ಕೆಲಸ ಮಾಡ್ಯಾನಂತ ಓದೀನಿ. ಫಾಸ್‌ಬಿಂಡರ್ ಕಂಪನಿ ಸಾಲದಾಗ ಮುಳುಗಿದ್ದು ಅದರಿಂದನ ಅಂತಾರ. ಖರೇನ?

ಗಾಂಧಿನಗರ_ಗುಮಾಸ್ತ:
ಅದೊಂದರಿಂದ ಅಲ್ಲ, ಆದರೆ ಅಲ್ಲಿಂದ ಬಿರುಕು ಕಾಣ್ಸಿತು.

‘ವೈಟಿ’ ಏಪ್ರಿಲ್ 1970, ಸ್ಪೇನ್‌ನ ಆಲ್ಮೇರಿಯಾ, ಸುಮಾರು 20 ದಿನ, ಖರ್ಚು 6.8 ಲಕ್ಷ ಮಾರ್ಕ್. ಒಂದು ವರ್ಷದ ಹಿಂದೆ ತೆಗೆದ ಫಾಸ್‌ಬಿಂಡರ್‌ನ ಮೊದಲ ಚಿತ್ರಕ್ಕೆ 95,000 ಮಾರ್ಕ್ ಖರ್ಚಾಗಿತ್ತು. ಏಳು ಪಟ್ಟು ಏರಿಕೆ. ಬಣ್ಣ, ಸಿನಿಮಾಸ್ಕೋಪ್, ಸೆರ್ಜಿಯೋ ಲಿಯೋನೆ ವೆಸ್ಟರ್ನ್‌ಗಳಿಗೆ ಕಟ್ಟಿದ ಸೆಟ್‌ಗಳು, ಕುದುರೆ, ವಿದೇಶೀ ಹೋಟೆಲ್. ಮೈಕೆಲ್ ಬಾಲ್‌ಹೌಸ್ ಫಾಸ್‌ಬಿಂಡರ್ ಜೊತೆ ಕ್ಯಾಮೆರಾ ಹಿಡಿದ ಮೊದಲ ಚಿತ್ರ ಕೂಡ ಅದೇ. ಕಂಪನಿ ಕಡೆಯಿಂದ ಊಲಿ ಲೊಮ್ಮೆಲ್, ಪೀರ್ ರಾಬೆನ್. ಅವರ ಜೊತೆ ನಿರ್ಮಾಣ ವಿಭಾಗದಲ್ಲಿ ಬರ್ಲಿಂಗ್.

ಹೊರದೇಶದಲ್ಲಿ ಚಿತ್ರೀಕರಣ ಮಾಡುವಾಗ ಎಡವೋದು ಎಲ್ಲಿ ಅಂದ್ರೆ:

ಒಂದು, ಹಣ ಮೂರು ನಾಲ್ಕು ಕಂತುಗಳಲ್ಲಿ ಬರುತ್ತೆ, ಖರ್ಚು ದಿನಾ ಆಗುತ್ತೆ. ಆಗಿನ ರಾಜಧಾನಿ ಬಾನ್‌ನಿಂದ ಬರಬೇಕಾದ ಕಂತು ಒಂದು ವಾರ ತಡ ಆದ್ರೆ ಇಡೀ ಘಟಕ ಹೋಟೆಲ್‌ನಲ್ಲಿ ಕೂರುತ್ತೆ. ಕೂತ ಘಟಕ ಕೆಲಸ ಮಾಡೋ ಘಟಕಕ್ಕಿಂತ ದುಬಾರಿ, ಬಾರ್ ಬಿಲ್ ಸೇರಿಸಿದರೆ ಇನ್ನೂ ದುಬಾರಿ.

ಎರಡು, ಸಂಬಳ ಮುಂದೂಡುವ ಕರಾರು. ‘ಈಗ ಅರ್ಧ ತಗೋ, ಉಳಿದದ್ದು ಚಿತ್ರ ಗಳಿಸಿದ ಮೇಲೆ.’ ಬಾಯಿ ಮಾತಲ್ಲಿ ಚೆಂದ. ಲೆಕ್ಕದ ಪುಸ್ತಕದಲ್ಲಿ ಅದು ಕಂಪನಿ ಮೇಲಿನ ಸಾಲ. ಚಿತ್ರಕ್ಕೆ ವಿತರಕ ಸಿಗದಿದ್ದರೂ ಸಾಲ ಸಾಲವೇ.

ಮೂರು, ಇದೇ ಕೊಂದಿದ್ದು: ತೆರಿಗೆ ಮತ್ತು ಸಾಮಾಜಿಕ ವಿಮೆ. ಬಳಗದವರೆಲ್ಲ ಸ್ನೇಹಿತರು, ಒಟ್ಟಿಗೆ ಇರೋರು. ಆದರೆ ಸರ್ಕಾರದ ಕಣ್ಣಲ್ಲಿ ನೌಕರರು. ಅವರ ಪಾಲಿನ ವಿಮೆ, ಮೂಲದಲ್ಲೇ ಕಡಿತ ಮಾಡಬೇಕಿದ್ದ ತೆರಿಗೆ, ಎರಡನ್ನೂ ಯಾರೂ ಕಟ್ಟಿರಲಿಲ್ಲ. ಬಾಕಿ ಬಂದು ಬಿದ್ದಿದ್ದು ಫಾಸ್‌ಬಿಂಡರ್ ತಲೆ ಮೇಲೆ. ಹಳೇ ಕಂಪನಿ ಆಂಟಿಟಿಯೇಟರ್-ಎಕ್ಸ್-ಫಿಲ್ಮ್ ಕೈಬಿಟ್ಟು 1971ರಲ್ಲಿ ಟ್ಯಾಂಗೊ ಫಿಲ್ಮ್ ಅಂತ ಹೊಸದು ಮಾಡಿದ. ಅಲ್ಲಿಂದ ಅವನ ಲೆಕ್ಕ ಬಿಗಿ ಆಯ್ತು.

ಇನ್ನು ‘ವೈಟಿ’ ಗತಿ: 1971ರ ಬರ್ಲಿನ್ ಉತ್ಸವದಲ್ಲಿ ತೋರಿಸಿದ್ದೇ ಬಂತು. ಚಿತ್ರಮಂದಿರಕ್ಕೆ ತಗೊಂಡು ಹೋಗೋ ವಿತರಕ ಸಿಗಲಿಲ್ಲ. 6.8 ಲಕ್ಷ ನೀರಿಗೆ.

ಹಾಡಿಲ್ಲದ_ಸಿನಿಮಾ:
ಮುಂದಿನ ಭಾಗ ನಾನು ಹೇಳ್ತೀನಿ, ನನಗೆ ಇಷ್ಟವಾದ್ದು. ಆ ಆಲ್ಮೇರಿಯಾ ರಗಳೆಯನ್ನೇ ಫಾಸ್‌ಬಿಂಡರ್ ಐದು ತಿಂಗಳ ನಂತರ ಸಿನಿಮಾ ಮಾಡಿದ. ‘ಪವಿತ್ರ ಸೂಳೆಯ ಬಗ್ಗೆ ಎಚ್ಚರಿಕೆ’. ಸೆಪ್ಟೆಂಬರ್ 1970, 22 ದಿನ. ಕತೆ ಸ್ಪೇನ್‌ನಲ್ಲಿ ನಡೆಯೋದು, ಚಿತ್ರೀಕರಣ ಇಟಲಿಯ ಸೊರ್ರೆಂಟೊದಲ್ಲಿ, ರೋಮ್‌ನ ಒಂದು ಕಂಪನಿ ಜೊತೆ ಸೇರಿ. ಖರ್ಚು 11 ಲಕ್ಷ ಮಾರ್ಕ್.

ಇಡೀ ಚಿತ್ರದಲ್ಲಿ ಜನ ಹೋಟೆಲ್ ಲಾಬಿಯಲ್ಲಿ ಕೂತು ಕಾಯ್ತಾರೆ. ನಿರ್ದೇಶಕನಿಗೆ, ನಾಯಕನಿಗೆ, ಫಿಲ್ಮ್‌ಗೆ, ಬಾನ್‌ನ ದುಡ್ಡಿಗೆ. ಕಾಯುತ್ತಾ ಕ್ಯೂಬಾ ಲಿಬ್ರೆ (ರಮ್-ಕೋಲಾ) ಕುಡೀತಾರೆ, ಒಬ್ಬರ ಮೇಲೊಬ್ಬರು ಹರಿಹಾಯ್ತಾರೆ. ನಿರ್ದೇಶಕನ ಪಾತ್ರ ಲೂ ಕಾಸ್ಟೆಲ್‌ಗೆ ಕೊಟ್ಟು ಫಾಸ್‌ಬಿಂಡರ್ ತಾನು ತಗೊಂಡಿದ್ದು ನಿರ್ಮಾಣ ನೋಡಿಕೊಳ್ಳೋ ಸಾಶಾ ಪಾತ್ರ. ಎಲ್ಲರ ಮೇಲೂ ಕೂಗಾಡೋನು, ಎಲ್ಲರೂ ಬೈಯೋನು. ಬರ್ಲಿಂಗ್‌ನ ಕೆಲಸ ಹೇಗಿತ್ತು ಅಂತ ನೋಡಬೇಕಾದರೆ ಬರ್ಲಿಂಗ್ ನಟಿಸಿರೋ ಯಾವ ಚಿತ್ರಕ್ಕಿಂತಲೂ ಇದನ್ನೇ ಮೊದಲು ನೋಡಿ.

ಕತ್ತರಿಮನೆ:
ಕಚ್ಚಾ ಫಿಲ್ಮ್ ಲೆಕ್ಕ ಯಾರೂ ಹೇಳಲಿಲ್ಲ. ಡಿಜಿಟಲ್ ಕಾಲದವರಿಗೆ ಇದು ಗೊತ್ತಿರಲಿ ಅಂತ ಬರೀತಿದ್ದೀನಿ.

35 ಮಿ.ಮೀ. ಫಿಲ್ಮ್ ಸೆಕೆಂಡಿಗೆ 24 ಚೌಕಟ್ಟಿನಂತೆ ಓಡಿದರೆ ನಿಮಿಷಕ್ಕೆ ಸುಮಾರು 27.4 ಮೀಟರ್ ತಿನ್ನುತ್ತೆ. 120 ಮೀಟರ್ ಸುರುಳಿ 4 ನಿಮಿಷ 20 ಸೆಕೆಂಡ್. 300 ಮೀಟರ್ ಸುರುಳಿ 11 ನಿಮಿಷ. 90 ನಿಮಿಷದ ಚಿತ್ರ ಅಂದ್ರೆ 2,460 ಮೀಟರ್. ಒಂದಕ್ಕೆ ಹತ್ತು ಅನುಪಾತದಲ್ಲಿ, ಅಂದ್ರೆ ಚಿತ್ರದಲ್ಲಿ ಉಳಿಯೋ ಒಂದು ಮೀಟರ್‌ಗೆ ಹತ್ತು ಮೀಟರ್ ತೆಗೆದರೆ 24,600 ಮೀಟರ್ ಖರೀದಿ, ಸಂಸ್ಕರಣೆ, ಸಾಗಾಟ. ಒಂದಕ್ಕೆ ಮೂರರಲ್ಲಿ ತೆಗೆದರೆ 7,400. ದಿನಕ್ಕೆ ಇಷ್ಟೇ ಮೀಟರ್ ಅಂತ ನಿರ್ಮಾಣದವನು ಕೈಗೆ ಕೊಟ್ಟರೆ ನಿರ್ದೇಶಕ ಏನ್ಮಾಡ್ತಾನೆ? ಕ್ಯಾಮೆರಾ ಒಂದು ಕಡೆ ಇಡ್ತಾನೆ, ನಟರನ್ನು ಗೋಡೆಗೆ ನಿಲ್ಲಿಸ್ತಾನೆ, ಒಂದೇ ಶಾಟ್‌ನಲ್ಲಿ ಮುಗಿಸ್ತಾನೆ. ಫಾಸ್‌ಬಿಂಡರ್‌ನ ಮೊದಲ ಚಿತ್ರಗಳ ಆ ನಿಶ್ಚಲ ಶೈಲಿಗೆ ದೊಡ್ಡ ದೊಡ್ಡ ಸಿದ್ಧಾಂತ ಕಟ್ಟಿದವರು ಈ ಭಾಗಾಕಾರವನ್ನೂ ಮಾಡಿದ್ದರೆ ಚೆನ್ನಾಗಿತ್ತು.

ಅಂದ ಹಾಗೆ ಆ ಮೊದಲ ಚಿತ್ರ, ‘ಪ್ರೀತಿ ಸಾವಿಗಿಂತ ತಣ್ಣಗೆ’ (1969), ಅದರಲ್ಲೇ ಬರ್ಲಿಂಗ್ ಮುಖ ಇದೆ. ಕಳ್ಳ ಆಯುಧ ಮಾರೋನ ಸಣ್ಣ ಪಾತ್ರ.

ಮೂರನೇ_ಸಾಲು:
ಕತ್ತರಿಮನೆ ಅವರೇ, ಅದು ಚೆನ್ನಾಗಿದೆ. ಹಾಗಾದ್ರೆ ಪಾತ್ರ ಸಿಕ್ಕಿದ್ದು ನಟನೆಗಾಗಿ ಅಲ್ಲ, ಹೇಗೂ ಸೆಟ್‌ನಲ್ಲಿ ಇದ್ದಾನೆ ಅಂತಾನಾ?

ರೀಲ್‌ಬಾಕ್ಸ್:
ಅಷ್ಟಕ್ಕೇ ಇಳಿಸಬೇಡಿ. ಸಣ್ಣ ಬಜೆಟ್‌ನಲ್ಲಿ ನಿರ್ಮಾಣದವರಿಗೆ ಪಾತ್ರ ಕೊಡೋದು ಸಾಮಾನ್ಯ: ಪ್ರಯಾಣ ಖರ್ಚು ಇಲ್ಲ, ಕೋಣೆ ಖರ್ಚು ಇಲ್ಲ, ದಿನಾಂಕದ ತಕರಾರಿಲ್ಲ. ಆದರೆ ಬರ್ಲಿಂಗ್‌ಗೆ ದೇಹ ಇತ್ತು. ಭಾರೀ ಗಾತ್ರ, ಗಡ್ಡ, ನಿಧಾನ ನಡೆ, ಮುಖದಲ್ಲಿ ಸುಖವಾಗಿ ಉಂಡವನ ಆಲಸ್ಯ. ಬಿಷಪ್, ರಾಜ, ಮ್ಯಾನೇಜರ್, ಇವಕ್ಕೆ ಮೇಕಪ್ ಬೇಕಿಲ್ಲ. ಅಲ್ಲದೆ ಬಾಯಿ ತೆರೆಯದೆ ಚೌಕಟ್ಟನ್ನು ತುಂಬೋ ಶಕ್ತಿ ಎಲ್ಲ ನಟರಿಗೂ ಬರಲ್ಲ.

‘ಅಗೀರ್ರೆ’ ನೋಡಿ. ಈತ ಡಾನ್ ಫರ್ನಾಂಡೋ ದೆ ಗುಜ್ಮಾನ್. ದಂತಕತೆಯ ಚಿನ್ನದ ನಾಡು ಎಲ್ ಡೊರಾಡೊ ಹುಡುಕಿ ಹೊರಟ ಸೈನ್ಯದಲ್ಲಿ ಅಗೀರ್ರೆ ಬಂಡೆದ್ದು, ಸ್ಪೇನ್ ದೊರೆಯನ್ನು ಧಿಕ್ಕರಿಸಿ ಇವನನ್ನು ‘ಎಲ್ ಡೊರಾಡೊದ ಚಕ್ರವರ್ತಿ’ ಅಂತ ಕೂರಿಸ್ತಾನೆ. ಸೈನಿಕರಿಗೆ ಕಾಳು ಎಣಿಸಿ ಕೊಡೋವಾಗ ಇವನ ಮುಂದೆ ತಟ್ಟೆ ತುಂಬಾ ಊಟ. ದಂಡಿನ ನಾಯಕ ಉರ್ಸೂವಾನನ್ನು ಕೊಲ್ಲಬೇಕು ಅಂತ ಅಗೀರ್ರೆ ವಿಚಾರಣೆ ನಾಟಕ ಆಡಿದರೆ ಇವನು ಕ್ಷಮೆ ಕೊಟ್ಟುಬಿಡ್ತಾನೆ, ಇಡೀ ಆಳ್ವಿಕೆಯಲ್ಲಿ ಆತ ಮಾಡೋ ಒಂದೇ ನಿಜವಾದ ಕೆಲಸ ಅದು. ಆಮೇಲೆ ತೆಪ್ಪದ ಮೇಲಿನ ಕುದುರೆ ತನಗೆ ಕಿರಿಕಿರಿ ಅಂತ ನೀರಿಗೆ ತಳ್ಳಿಸ್ತಾನೆ. ಹಸಿದ ಸೈನಿಕರಿಗೆ ಅದು ಒಂದು ವಾರದ ಮಾಂಸ. ಸ್ವಲ್ಪ ಹೊತ್ತಲ್ಲೇ ಇವನು ಹೆಣ.

ಇತಿಹಾಸದಲ್ಲೂ ಗುಜ್ಮಾನ್ ಇದ್ದ. ಉರ್ಸೂವಾನ ಯಾತ್ರೆ 1560ರದ್ದು, 1561ರಲ್ಲಿ ಅಗೀರ್ರೆ ಪಕ್ಷದವರು ಅವನನ್ನು ರಾಜಕುಮಾರನಾಗಿ ಸಾರಿ ಆಮೇಲೆ ಕೊಂದರು. ಉಳಿದ ಇತಿಹಾಸವನ್ನು ಹೆರ್ಜೋಗ್ ಕಲಸಿಬಿಟ್ಟಿದ್ದಾನೆ. ಚಿತ್ರದ ಶುರುವಲ್ಲಿ ಬರೋ ಗೊನ್ಸಾಲೊ ಪಿಸಾರ್ರೊ 1548ರಲ್ಲೇ ಸತ್ತಿದ್ದ, ಪಾದ್ರಿ ಕಾರ್ವಾಹಾಲ್ ಬಂದಿದ್ದು 1541ರ ಬೇರೆ ಯಾತ್ರೆಯಲ್ಲಿ.

ಹಾಡಿಲ್ಲದ_ಸಿನಿಮಾ:
ನನ್ನ ಪ್ರಕಾರ ಆ ಪಾತ್ರ ಒಬ್ಬ ನಿರ್ಮಾಪಕನ ಚಿತ್ರ. ಸಿಂಹಾಸನದಲ್ಲಿ ಕೂತಿದ್ದಾನೆ, ಊಟದ ಕೀಲಿಕೈ ಅವನ ಹತ್ರ, ಆದರೆ ತೆಪ್ಪ ಎಲ್ಲಿ ಹೋಗಬೇಕು ಅಂತ ಹೇಳೋ ಹಕ್ಕು ಮಾತ್ರ ಅವನಿಗಿಲ್ಲ. ನಿರ್ದೇಶಕನ ಹುಚ್ಚಿಗೆ ಸಹಿ ಹಾಕೋಕೆ ಇಟ್ಟ ಮನುಷ್ಯ.

ಗಾಂಧಿನಗರ_ಗುಮಾಸ್ತ:
ಚೆಂದ ಇದೆ ಮೇಡಂ, ಆದರೆ ಅತಿ ಓದು. ಆ ಚಿತ್ರದಲ್ಲಿ ನಿರ್ಮಾಪಕ ಹೆರ್ಜೋಗ್ ತಾನೇ. ಬಜೆಟ್ 3.7 ಲಕ್ಷ ಡಾಲರ್, ಅದರಲ್ಲಿ ಮೂರನೇ ಒಂದು ಪಾಲು ಅಗೀರ್ರೆ ಪಾತ್ರದ ಕ್ಲೌಸ್ ಕಿನ್ಸ್‌ಕಿ ಒಬ್ಬನಿಗೆ. ತಂತ್ರಜ್ಞರು ಎಂಟು ಜನ. 1972ರ ಶುರುವಲ್ಲಿ ಪೆರುವಿನಲ್ಲಿ ಐದು ವಾರ. ಜರ್ಮನ್ ಟೆಲಿವಿಷನ್ ಕೇಂದ್ರವೊಂದು ಸ್ವಲ್ಪ ಹಣ ಹಾಕಿತ್ತು. ಅದಕ್ಕೆ ಪ್ರತಿಯಾಗಿ ಚಿತ್ರಮಂದಿರದಲ್ಲಿ ಓಡ್ತಿರುವಾಗಲೇ ಟಿವಿಯಲ್ಲೂ ತೋರಿಸಿಬಿಟ್ಟರು. ಗಲ್ಲಾಪೆಟ್ಟಿಗೆಗೆ ಅದಕ್ಕಿಂತ ಏಟು ಬೇರೆ ಬೇಕಾ? ಈ ತೊಂದರೆಗೆ ಪರಿಹಾರ ಬಂದಿದ್ದು 1974ರ ಸಿನಿಮಾ-ಟಿವಿ ಒಪ್ಪಂದದಲ್ಲಿ. ಟಿವಿಯವರು ಹಣ ಹಾಕಬಹುದು, ಆದರೆ ಚಿತ್ರಮಂದಿರಕ್ಕೆ ಮೊದಲು ಸಮಯ ಬಿಡಬೇಕು.

ಇನ್ನೊಂದು. ತೆಗೆದ ನೆಗೆಟಿವ್ ಲೀಮಾ ವಿಮಾನ ನಿಲ್ದಾಣದಿಂದ ಹೊರಗೇ ಹೋಗಿರಲಿಲ್ಲ ಅಂತ ಹೆರ್ಜೋಗ್ ಹೇಳಿದ್ದಾನೆ. ಸಾಗಾಟದವರು ಕಳಿಸಿದಂತೆ ಕಾಗದದ ಮೇಲೆ ಮುದ್ರೆ ಒತ್ತಿಸಿದ್ದರು, ಡಬ್ಬಗಳು ಅಲ್ಲೇ ಬಿಸಿಲಲ್ಲಿ ಬಿದ್ದಿದ್ದವು, ಅವನ ತಮ್ಮ ಲುಕಿ ಸ್ಟಿಪೆಟಿಚ್ ಹುಡುಕಿ ತೆಗೆದ. ಸಂಸ್ಕರಣೆ ಆಗದ ಬಣ್ಣದ ನೆಗೆಟಿವ್‌ಗೆ ಶಾಖ ಶತ್ರು. ಬಣ್ಣದ ಪದರಗಳು ಒಂದೊಂದು ಒಂದೊಂದು ವೇಗದಲ್ಲಿ ಕೆಡುತ್ತವೆ, ಆಮೇಲೆ ಲ್ಯಾಬ್‌ನಲ್ಲಿ ಸರಿ ಮಾಡೋಕೆ ಬರಲ್ಲ. ಅದಕ್ಕೇ ಕಾಡಲ್ಲಿ ತೆಗೆಯುವವರು ಡಬ್ಬ ತುಂಬಿದ ತಕ್ಷಣ ಟೇಪ್ ಸುತ್ತಿ, ನೆರಳಲ್ಲಿಟ್ಟು, ಮೊದಲ ವಿಮಾನಕ್ಕೆ ಹಾಕ್ತಿದ್ದಿದ್ದು.

ಹಾಡಿಲ್ಲದ_ಸಿನಿಮಾ:
ಅತಿ ಓದು ಅನ್ನಿ, ಒಪ್ಪಲ್ಲ. ಹೆರ್ಜೋಗ್ ‘ಫಿಟ್ಸ್‌ಕರಾಲ್ಡೊ’ದಲ್ಲಿ (1982) ಇವನಿಗೆ ಏನು ಕೊಟ್ಟ? ಒಪೆರಾ ಮ್ಯಾನೇಜರ್. ಅದೇ ವರ್ಷ ಫಾಸ್‌ಬಿಂಡರ್ ‘ವೆರೋನಿಕಾ ಫೋಸ್’ನಲ್ಲಿ ಏನು ಕೊಟ್ಟ? ಸಿನಿಮಾ ನಿರ್ಮಾಪಕ. ಕಾಕತಾಳೀಯ ಒಮ್ಮೆ ಆಗಬಹುದು.

ಗಾಂಧಿನಗರ_ಗುಮಾಸ್ತ:
ಆ ಎರಡಕ್ಕೆ ನನ್ನ ತಕರಾರಿಲ್ಲ. ಚಕ್ರವರ್ತಿಗೆ ಮಾತ್ರ ಇದೆ.

ಧಾರವಾಡದ_ಮಂದಿ:
ಜಗಳ ಬಿಡ್ರಿ ಇಬ್ರೂ. ನನಗ ತಿಳೀಲಾರದ್ದು ಏನಂದ್ರ, ಜರ್ಮನ್ ಮನಷ್ಯಾ ಇಟಲಿ ಸಿನಿಮಾದಾಗ, ಹಂಗೇರಿ ಸಿನಿಮಾದಾಗ, ಅಮೆರಿಕಾದ್ದರಾಗ ಹೆಂಗ ಮಾತಾಡಿದ? ಅಷ್ಟು ಭಾಷಾ ಬರ್ತಿದ್ವೇನ?

ಕತ್ತರಿಮನೆ:
ಮಾತಾಡಬೇಕಾದ್ದೇ ಇಲ್ಲ. ಆಗಿನ ಇಟಾಲಿಯನ್ ಚಿತ್ರಗಳಲ್ಲಿ ಧ್ವನಿಯನ್ನು ನಂತರ ಸ್ಟುಡಿಯೋದಲ್ಲಿ ಹಾಕೋದೇ ಪದ್ಧತಿ. ಸೆಟ್‌ನಲ್ಲಿ ಒಬ್ಬ ಇಂಗ್ಲಿಷ್, ಇನ್ನೊಬ್ಬ ಫ್ರೆಂಚ್, ಮತ್ತೊಬ್ಬ ಬರೀ ಅಂಕಿ ಎಣಿಸಿದರೂ ನಡೆಯುತ್ತಿತ್ತು. ‘ಅಗೀರ್ರೆ’ ಕೂಡ ಹಾಗೇ. ನಟರು ಬೇರೆ ಬೇರೆ ದೇಶದವರು, ಹಾಗಾಗಿ ಸೆಟ್‌ನಲ್ಲಿ ಇಂಗ್ಲಿಷ್, ಆಮೇಲೆ ಜರ್ಮನ್ ಡಬ್ಬಿಂಗ್. ಕಿನ್ಸ್‌ಕಿ ಡಬ್ಬಿಂಗ್‌ಗೆ ಕೇಳಿದ ದುಡ್ಡು ಜಾಸ್ತಿಯಾಯ್ತು ಅಂತ ಅವನ ಜರ್ಮನ್ ಧ್ವನಿ ಕೊಟ್ಟಿದ್ದು ಗೆರ್ಡ್ ಮಾರ್ಟೀನ್ಸೆನ್ ಅನ್ನೋ ಡಬ್ಬಿಂಗ್ ಕಲಾವಿದ. ತುಟಿ ಇಂಗ್ಲಿಷ್‌ಗೆ ಕೂಡುತ್ತೆ, ಧ್ವನಿಯ ಗುಣ ಜರ್ಮನ್‌ನಲ್ಲಿ ಚೆನ್ನಾಗಿದೆ. ಜರ್ಮನ್ ಆರಿಸ್ಕೊಳ್ಳಿ.

ಹಾಗಾಗಿ ಇಂಥ ನಟನನ್ನು ಅಳೆಯೋವಾಗ ಮಾತು ಬಿಟ್ಟು ಮೈ ನೋಡಿ. ಎಲ್ಲಿ ಕೂರ್ತಾನೆ, ಎಷ್ಟು ಹೊತ್ತು ಅಲುಗಾಡಲ್ಲ, ಕೈ ಏನು ಮಾಡ್ತಿದೆ.

ರೀಲ್‌ಬಾಕ್ಸ್:
ಇದಕ್ಕೆ ರೋಮ್ ಸೇರಿಸಿ. ಸಿನೆಚಿತ್ತಾ ಸ್ಟುಡಿಯೋ ಇರೋ ಊರಲ್ಲಿ ಮನೆ, ಜರ್ಮನ್ ಪಾಸ್‌ಪೋರ್ಟ್. ಯುರೋಪಿನ ಜಂಟಿ ನಿರ್ಮಾಣ ಒಪ್ಪಂದಗಳಲ್ಲಿ ಪ್ರತಿ ದೇಶ ಹಾಕಿದ ಹಣಕ್ಕೆ ತಕ್ಕಂತೆ ಆ ದೇಶದ ನಟರು, ತಂತ್ರಜ್ಞರು ಇರಬೇಕು, ಇಲ್ಲದಿದ್ದರೆ ಸರ್ಕಾರದ ಮಾನ್ಯತೆ ಇಲ್ಲ, ಸಹಾಯಧನವೂ ಇಲ್ಲ. ‘ದ ನೇಮ್ ಆಫ್ ದ ರೋಸ್’ (1986) ಜರ್ಮನಿ, ಇಟಲಿ, ಫ್ರಾನ್ಸ್ ಮೂರರದ್ದು. ಒಳಾಂಗಣ ಜರ್ಮನಿಯ ಎಬರ್‌ಬಾಖ್ ಮಠದಲ್ಲಿ, ಹೊರಗಿನ ದೊಡ್ಡ ಸೆಟ್ ರೋಮ್ ಹೊರವಲಯದಲ್ಲಿ. ಬರ್ಲಿಂಗ್ ಅಲ್ಲಿ ಪೋಪ್ ಕಡೆಯ ನಿಯೋಗದ ಜಾನ್ ದಾನ್ನೋ. ರೋಮ್‌ನಲ್ಲೇ ಸಿಗುವ ಜರ್ಮನ್ ಮುಖ ಎಷ್ಟು ಅನುಕೂಲ ಅಂತ ನೀವೇ ಊಹಿಸಿ.

ಆ ಚಿತ್ರದ ಕಲಾ ನಿರ್ದೇಶಕ ದಾಂತೆ ಫೆರ್ರೆಟ್ಟಿ. ಹದಿನೈದು ವರ್ಷದ ಮೇಲೆ ಸ್ಕಾರ್ಸೆಸಿಯ ‘ಗ್ಯಾಂಗ್ಸ್ ಆಫ್ ನ್ಯೂಯಾರ್ಕ್’ಗೆ (2002) ಸಿನೆಚಿತ್ತಾದಲ್ಲಿ ಹಳೇ ನ್ಯೂಯಾರ್ಕ್ ಕಟ್ಟಿದವನೂ ಅವನೇ. ಅಲ್ಲೂ ಬರ್ಲಿಂಗ್ ಇದ್ದಾನೆ, ಚಾಕು ಪ್ರದರ್ಶನಕ್ಕೆ ಜನ ಕರೆಯೋ ಕೂಗುಗಾರ. ಅದಕ್ಕೂ ಮೊದಲು ‘ದ ಲಾಸ್ಟ್ ಟೆಂಪ್ಟೇಶನ್ ಆಫ್ ಕ್ರೈಸ್ಟ್’ನಲ್ಲಿ (1988) ಭಿಕ್ಷುಕ. ಲಿಲಿಯಾನಾ ಕವಾನಿಯ ‘ಫ್ರಾಂಚೆಸ್ಕೊ’ದಲ್ಲಿ (1989) ಬಿಷಪ್ ಗ್ವಿಡೊ. ಅದೇ ಆಸುಪಾಸಿನಲ್ಲಿ ಸಂತ ಫ್ರಾನ್ಸಿಸ್ ಬಗ್ಗೆ ತಾನೂ ಒಂದು ಕಾದಂಬರಿ ಬರೆದ. ಸೆಟ್‌ನಲ್ಲಿ ಕಂಡದ್ದನ್ನು ವ್ಯರ್ಥ ಮಾಡೋ ಆಸಾಮಿ ಅಲ್ಲ.

ಕತ್ತರಿಮನೆ:
ಎಲ್ಲ ಹೇಳಿ ಶಾತಾನ್‌ತಾಂಗೋ ಬಿಟ್ಟಿದ್ದೀರಿ. ಅದು ಅವನ ನಟನೆಯ ತುದಿ. ಉಳಿದದ್ದೆಲ್ಲ ತಮಾಷೆ ಅಂತಲೇ ಹೇಳ್ತೀನಿ.

1994. ಕಪ್ಪು-ಬಿಳುಪು. 439 ನಿಮಿಷ, ಶಾಟ್‌ಗಳು ಸುಮಾರು 150. ಭಾಗಿಸಿದರೆ ಒಂದು ಶಾಟ್ ಸರಾಸರಿ ಮೂರು ನಿಮಿಷಕ್ಕೆ ಹತ್ತಿರ. ಮೇಲೆ ಹೇಳಿದ 300 ಮೀಟರ್ ಸುರುಳಿ ನೆನಪಿಸಿಕೊಳ್ಳಿ: ಅತಿ ಉದ್ದದ ಶಾಟ್‌ಗಳು ಹತ್ತು ನಿಮಿಷದ ಆಸುಪಾಸಿಗೆ ನಿಲ್ಲೋದು ಅದಕ್ಕೇ. ಲಾಸ್ಲೋ ಕ್ರಾಸ್ನಹೋರ್ಕೈ ಕಾದಂಬರಿ ಆಧಾರ. 2025ರಲ್ಲಿ ನೊಬೆಲ್ ಬಂತಲ್ಲ, ಅವರೇ. ಹನ್ನೆರಡು ಅಧ್ಯಾಯ, ಟ್ಯಾಂಗೊ ಹೆಜ್ಜೆಯಂತೆ ಆರು ಮುಂದಕ್ಕೆ, ಆರು ಹಿಂದಕ್ಕೆ.

ಬರ್ಲಿಂಗ್‌ಗೆ ಮೂರನೇ ಅಧ್ಯಾಯ ಮತ್ತು ಹನ್ನೆರಡನೆಯದು. ಮೂರನೆಯದು ಸುಮಾರು ಒಂದು ಗಂಟೆ. ಡಾಕ್ಟರು ಕಿಟಕಿಯಿಂದ ನೆರೆಹೊರೆ ನೋಡ್ತಾನೆ, ಪ್ರತಿಯೊಬ್ಬರಿಗೂ ಒಂದೊಂದು ಪುಸ್ತಕ ಇಟ್ಟು ಏನು ಮಾಡಿದರು ಅಂತ ಬರೀತಾನೆ, ಪಾಲಿಂಕಾ (ಹಂಗೇರಿಯ ಹಣ್ಣಿನ ಬ್ರಾಂದಿ) ಸುರಿದು ನೀರು ಬೆರೆಸಿ ಕುಡೀತಾನೆ. ಹೆಂಡ ಮುಗಿಯುತ್ತೆ. ಕೋಟು ಹಾಕಿಕೊಂಡು ಹೆಂಡ ತುಂಬೋ ದೊಡ್ಡ ಜಾಡಿ ಹಿಡಿದು ಮಳೆಯಲ್ಲಿ ಹೊರಡ್ತಾನೆ. ಅಷ್ಟೇ ಕತೆ.

ಅಲ್ಲಿ ಗಮನಿಸಬೇಕಾದ್ದು: ಕುರ್ಚಿಯಿಂದ ಏಳೋ ಶಾಟ್. ಕೈ ಮೇಜಿಗೆ, ಉಸಿರು, ನಿಲುವು, ಮತ್ತೆ ಉಸಿರು. ಕಟ್ ಇಲ್ಲ, ಹಾಗಾಗಿ ನಟನಿಗೆ ಅಡಗಿಕೊಳ್ಳೋಕೆ ಜಾಗ ಇಲ್ಲ. ಸಾಮಾನ್ಯ ನಟರು ಇಂಥ ಕಡೆ ‘ಮುದುಕನ ಹಾಗೆ’ ಮಾಡಿ ಕೆಡಿಸ್ತಾರೆ. ಬರ್ಲಿಂಗ್ ಏನೂ ಮಾಡಲ್ಲ, ಭಾರ ಮಾತ್ರ ಹೊರ್ತಾನೆ. ಪಾತ್ರದ ಲೆಕ್ಕ ಬರೆಯೋ ಚಟವೂ ಅವನ ಹಳೇ ಕಸುಬಿನಿಂದ ದೂರ ಇಲ್ಲ. ಗುಮಾಸ್ತರು ಇದನ್ನೂ ಅತಿ ಓದು ಅನ್ನಬಹುದು.

ಗಾಂಧಿನಗರ_ಗುಮಾಸ್ತ:
ಇದನ್ನು ಅನ್ನಲ್ಲ. ಪುಸ್ತಕ ಇಟ್ಟು ಬರೆಯೋರ ಪರ ನಾನು ಯಾವಾಗಲೂ.

ಬವೇರಿಯಾ_ಬಸವಿ:
ಜರ್ಮನಿಯಲ್ಲಿ ಹಳಬರಿಗೆ ಬರ್ಲಿಂಗ್ ಪರಿಚಯ ಇರೋದು ಇದ್ಯಾವುದರಿಂದಲೂ ಅಲ್ಲ, ತಡರಾತ್ರಿ ಟಿವಿಯಿಂದ. 1987ರಲ್ಲಿ ಕ್ಲೂಗೆ ತನ್ನ ಟಿವಿ ನಿರ್ಮಾಣ ಸಂಸ್ಥೆ ಶುರು ಮಾಡಿ ಖಾಸಗಿ ವಾಹಿನಿಗಳಲ್ಲಿ ಸ್ವತಂತ್ರ ಸಮಯ ಹಿಡಿದ. ಅಲ್ಲಿ ಒಂದು ವಿಚಿತ್ರ ಸಂದರ್ಶನ ಪದ್ಧತಿ. ಕ್ಲೂಗೆ ಚೌಕಟ್ಟಿನಾಚೆಯಿಂದ ಪಿಸುಮಾತಲ್ಲಿ ಪ್ರಶ್ನೆ ಕೇಳ್ತಾನೆ, ಎದುರಿಗಿರೋನು ಕಾಲ್ಪನಿಕ ವ್ಯಕ್ತಿಯಾಗಿ ಉತ್ತರ ಕೊಡ್ತಾನೆ. ಬರ್ಲಿಂಗ್ ಹಾಗೆ ಎಷ್ಟೋ ಜನ ಆಗಿದ್ದಾನೆ, ಹಿಟ್ಲರನ ಅಂಗರಕ್ಷಕನೂ ಅದರಲ್ಲೊಬ್ಬ. ಚಿತ್ರಕಥೆ ಇಲ್ಲ, ಅಭ್ಯಾಸ ಇಲ್ಲ. ಕ್ಲೂಗೆ ಇತಿಹಾಸದ ಒಂದು ನಿಜವಾದ ವಿವರ ಎಸೀತಾನೆ, ಬರ್ಲಿಂಗ್ ಮುಖ ಬದಲಾಯಿಸದೆ ಅದರ ಮೇಲೆ ಸುಳ್ಳು ಕಟ್ಟುತ್ತಾ ಹೋಗ್ತಾನೆ. ಅರ್ಧ ಕೇಳಿದ ಮೇಲೇ ವೀಕ್ಷಕನಿಗೆ ಅನುಮಾನ ಬರೋದು.

ಜರ್ಮನ್ ಬಾರದವರಿಗೆ ಇದು ದಕ್ಕೋದು ಕಷ್ಟ. ಹಾಸ್ಯ ಪೂರ್ತಿ ಮಾತಿನ ಧಾಟಿಯಲ್ಲಿದೆ.

ಮೂರನೇ_ಸಾಲು:
ಕಾದಂಬರಿಗಳು ಓದಬಹುದಾ?

ಬವೇರಿಯಾ_ಬಸವಿ:
ತಾಳ್ಮೆ ಇದ್ದರೆ. ‘ಗ್ರೇಲ್‌ನ ಮಕ್ಕಳು’ 1991ರಲ್ಲಿ ಬಂತು, ಚೆನ್ನಾಗಿ ಮಾರಾಟವಾಯ್ತು, ಅನುವಾದವೂ ಆಯ್ತು, ಸರಣಿಯಾಗಿ ಬೆಳೀತು. 1244ರಲ್ಲಿ ಮೊಂಸೆಗೂರ್ ಕೋಟೆ ಬೀಳೋದರಿಂದ ಶುರು, ಅಲ್ಲಿಂದ ಪಾರಾದ ಇಬ್ಬರು ಮಕ್ಕಳ ಹಿಂದೆ ಪೋಪ್, ಚಕ್ರವರ್ತಿ, ಟೆಂಪ್ಲರ್‌ಗಳು (ಕ್ರೈಸ್ತ ಯೋಧ-ಸನ್ಯಾಸಿಗಳು), ಮಂಗೋಲರು. ನಿರೂಪಕ ಒಬ್ಬ ಫ್ರಾನ್ಸಿಸ್ಕನ್ ಸನ್ಯಾಸಿ. 1253ರಿಂದ 1255ರ ನಡುವೆ ಮಂಗೋಲರ ರಾಜಧಾನಿಗೆ ಹೋಗಿಬಂದ ರುಬ್ರುಕ್‌ನ ವಿಲಿಯಂ ಅನ್ನೋ ಐತಿಹಾಸಿಕ ಯಾತ್ರಿಕನಿಂದ ಎತ್ತಿಕೊಂಡ ಪಾತ್ರ.

ಪಾತ್ರಗಳು ನೂರಾರು, ಎಲ್ಲಾ ಕಡೆ ಪಿತೂರಿ, ಮಾತು ಜಾಸ್ತಿ. ಒಳ್ಳೇದು ಯಾವುದು ಅಂದ್ರೆ ಜನರನ್ನು ಒಂದು ಊರಿಂದ ಇನ್ನೊಂದು ಊರಿಗೆ ಸಾಗಿಸೋ ಭಾಗಗಳು: ಯಾವ ಹಡಗು, ಯಾರಿಗೆ ಲಂಚ, ಯಾರ ಮುದ್ರೆ, ಎಷ್ಟು ಕಾವಲು. ಅಂಥದ್ದು ಬರೆಯೋವಾಗ ಮಾತ್ರ ಈತ ಎಲ್ಲೂ ಎಡವಲ್ಲ. ಪ್ರೇಮ ಪ್ರಸಂಗಗಳನ್ನು ಹಾರಿಸಿ ಓದಿ, ನಷ್ಟ ಇಲ್ಲ.

ಫಾಸ್‌ಬಿಂಡರ್ ಬಗ್ಗೆ 1992ರಲ್ಲಿ ಬರೆದ ದಪ್ಪ ಪುಸ್ತಕ ಬೇರೆ ಇದೆ. 1969ರಿಂದ 10 ಜೂನ್ 1982ರಂದು ಆತ ಸಾಯೋವರೆಗಿನ ಹದಿಮೂರು ವರ್ಷ. ಒಳಗಿದ್ದವನು ಬರೆದದ್ದು, ಹಾಗಾಗಿ ಯಾರ ಜೊತೆ ಯಾರು, ಯಾರಿಗೆ ಎಷ್ಟು ಬಾಕಿ ಅನ್ನೋದಕ್ಕೆ ನೋಡಿ. ಫಾಸ್‌ಬಿಂಡರ್ ಮನಸ್ಸಲ್ಲಿ ಏನಿತ್ತು ಅನ್ನೋ ಭಾಗಕ್ಕೆ ಅಷ್ಟು ತೂಕ ಕೊಡಬೇಡಿ. ಲೇಖಕನೂ ಆ ಜಗಳಗಳಲ್ಲಿ ಒಂದು ಕಡೆಯವನೇ.

ಗಾಂಧಿನಗರ_ಗುಮಾಸ್ತ:
ಕ್ರೆಡಿಟ್ ಹುಡುಕೋರಿಗೆ. ಅಂತರ್ಜಾಲದ ಪಟ್ಟಿಗಳಲ್ಲಿ ‘ನಿರ್ಮಾಪಕ’ ಅಂತ ಇದ್ದ ಕೂಡಲೇ ನಂಬಬೇಡಿ. ಆ ಕಾಲದ ಮ್ಯೂನಿಕ್ ಚಿತ್ರಗಳಲ್ಲಿ ಕಂಪನಿ ಮಾಲೀಕ, ಚಿತ್ರದ ಒಟ್ಟು ಹೊಣೆಗಾರ, ಸೆಟ್‌ನ ಪ್ರೊಡಕ್ಷನ್ ಮ್ಯಾನೇಜರ್ ಮೂರೂ ಬೇರೆ ಬೇರೆ ಸಾಲು. ಪಟ್ಟಿ ಮಾಡೋರು ಮೂರನ್ನೂ ಕಲಸಿ ಒಂದೇ ಖಾನೆಗೆ ಹಾಕ್ತಾರೆ. ಮೊದಲು ಚಿತ್ರದ ಶೀರ್ಷಿಕೆ ಭಾಗ ನಿಲ್ಲಿಸಿ ಓದಿ. ಆಮೇಲೆ ‘ಫಿಲ್ಮ್‌ಪೋರ್ಟಲ್’ ಅನ್ನೋ ಜರ್ಮನ್ ತಾಣದಲ್ಲಿ ಕಂಪನಿ ಹೆಸರು ಬೇರೆ, ವ್ಯಕ್ತಿ ಹೆಸರು ಬೇರೆ ಕೊಟ್ಟಿರ್ತಾರೆ, ಹೋಲಿಸಿ. ಎರಡೂ ಕೂಡದಿದ್ದರೆ ಶೀರ್ಷಿಕೆಯೇ ಪ್ರಮಾಣ. ನಟನೆಗೆ ಇದು ಉಲ್ಟಾ: ಸಣ್ಣ ಪಾತ್ರಗಳಿಗೆ ಶೀರ್ಷಿಕೆಯಲ್ಲಿ ಹೆಸರೇ ಇರಲ್ಲ, ಮುಖ ನೋಡಿಯೇ ಹಿಡೀಬೇಕು.

ಇನ್ನೊಂದು ಕಾರಣಕ್ಕೂ ಇದು ಮುಖ್ಯ. ಹೆಸರು ಯಾವ ಸಾಲಲ್ಲಿದೆ ಅನ್ನೋದರ ಮೇಲೆ ಆಮೇಲೆ ಹಕ್ಕು ಯಾರದ್ದು ಅಂತ ಜಗಳ ಆಗುತ್ತೆ. ಫಾಸ್‌ಬಿಂಡರ್‌ನ ‘ಮರಿಯಾ ಬ್ರೌನ್’ (1979), ಬರ್ಲಿಂಗ್ ಅಲ್ಲೂ ಬ್ರೋನ್ಸ್‌ಕಿ ಅಂತ ಸಣ್ಣ ಪಾತ್ರದಲ್ಲಿದ್ದಾನೆ, ಖರ್ಚು ಸುಮಾರು 20 ಲಕ್ಷ ಮಾರ್ಕ್. ಚಿತ್ರ ಜಗತ್ತೆಲ್ಲ ಓಡ್ತು, ಪಾಲಿನ ವ್ಯಾಜ್ಯ ವರ್ಷಗಟ್ಟಲೆ ಎಳೀತು.

ಧಾರವಾಡದ_ಮಂದಿ:
ಭಾಳ ಛಲೋ ಆತ್ರಿ. ಕಡೀಗೆ ಒಂದು. ಮೊದಲಿಂದ ಯಾವ ಕ್ರಮದಾಗ ನೋಡ್ಲಿ ಹೇಳ್ರಿ, ಪ್ರಿಂಟ್ ವಿಷಯಾನೂ.

ಕತ್ತರಿಮನೆ:
ಮೊದಲು ‘ಅಗೀರ್ರೆ’, ಜರ್ಮನ್ ಧ್ವನಿ. ಚಿತ್ರದ ಆಕಾರ ಚೌಕಕ್ಕೆ ಹತ್ತಿರ, 1.37. ಟಿವಿ ಪರದೆ ತುಂಬಿಸೋಕೆ ಮೇಲೆ ಕೆಳಗೆ ಕತ್ತರಿಸಿದ ಪ್ರತಿ ಬಂದರೆ ಬಿಡಿ. ಆಮೇಲೆ ‘ಪವಿತ್ರ ಸೂಳೆ’. ಅದು ಹಿಡಿಸಿದರೆ ಮಾತ್ರ ‘ವೈಟಿ’. ‘ವೈಟಿ’ ಸ್ಕೋಪ್ ಚಿತ್ರ, ಅಗಲ 2.35 ಇರಬೇಕು, ಅಂಚು ಕತ್ತರಿಸಿದ ಪ್ರತಿಯಲ್ಲಿ ಬಾಲ್‌ಹೌಸ್ ಮಾಡಿದ ಕೆಲಸ ಅರ್ಧ ಹೋಗುತ್ತೆ. ‘ವೆರೋನಿಕಾ ಫೋಸ್’ ಯಾವಾಗ ಬೇಕಾದರೂ ನೋಡಿ.

‘ಶಾತಾನ್‌ತಾಂಗೋ’ ಕೊನೆಗೆ. 2019ರಲ್ಲಿ ಮೂಲ ನೆಗೆಟಿವ್‌ನಿಂದ 4ಕೆ ಪುನರುಜ್ಜೀವನ ಆಗಿದೆ, ಅದನ್ನೇ ಹುಡುಕಿ. ಹಳೇ ಡಿಸ್ಕ್‌ಗಳಲ್ಲಿ ಕತ್ತಲೆ ಶಾಟ್‌ಗಳು ಬೂದಿ ಬೂದಿ. ಚಿತ್ರಮಂದಿರದಲ್ಲಿ ಸಾಮಾನ್ಯವಾಗಿ ಎರಡು ವಿರಾಮ ಕೊಡ್ತಾರೆ. ಮನೆಯಲ್ಲಿ ನೋಡೋದಾದ್ರೂ ಅಷ್ಟೇ ಇಟ್ಕೊಳ್ಳಿ, ಡಾಕ್ಟರ ಅಧ್ಯಾಯದ ಮಧ್ಯೆ ಮಾತ್ರ ನಿಲ್ಲಿಸಬೇಡಿ.

ಧಾರವಾಡದ_ಮಂದಿ:
ಆತ್ರಿ. ಭಾನುವಾರ ‘ಅಗೀರ್ರೆ’ಯಿಂದ ಹಚ್ತೀನಿ.